ಪೇಜ್‌ನಲ್ಲಿ ಏಳು, ಬೆಟಾಟಕಿನ್‌ನಲ್ಲಿ ಎಂಟು

ಬೆಳಿಗ್ಗೆ ಐದಕ್ಕೆ ಎದ್ದು, ಫ್ಲಾಸ್ಕಿಗೆ ಕಾಫಿ ತುಂಬಿಸಿ, ಒಗ್ಗರಣೆ ಅವಲಕ್ಕಿಯ ಡಬ್ಬಿ ಕಟ್ಟಿಕೊಂಡು, ಪೇಜ್ ಪಟ್ಟಣದಿಂದ ಸುಮಾರು 140 ಕಿ.ಮೀ. ಮರುಭೂಮಿ ದಾಟಿ, ನವಾಹೋ ರಾಷ್ಟ್ರೀಯ ಸ್ಮಾರಕಕ್ಕೆ ಹೇಳಿದ ಹೊತ್ತಿಗಿಂತ ಕಾಲು ಗಂಟೆ ಮೊದಲೇ ಬಂದೆವೆಂದು ಬೀಗುತ್ತಿದ್ದೆವು. ಕೌಂಟರಿನ ಹಿಂದಿದ್ದ ಹೆಂಗಸು ಮಾತಾಡದೆ ಗೋಡೆ ಗಡಿಯಾರದ ಕಡೆ ಕೈ ತೋರಿಸಿದರು. ಮುಕ್ಕಾಲು ಗಂಟೆ ತಡ. ಬೆಟಾಟಕಿನ್ ಎಂಬ ಹಳೆಯ ಬಂಡೆಮನೆಗಳಿಗೆ ರೇಂಜರ್ ಕರೆದುಕೊಂಡು ಹೋಗುವ ನಡಿಗೆ ಹೊರಟುಹೋಗಿತ್ತು.

ಅಮೆರಿಕದ ಅರಿಜೋನಾಕ್ಕೆ ಹೋಗುವವರು ಬೇರೇನು ಮರೆತರೂ ಇದನ್ನು ಮರೆಯಬೇಡಿ. ಬೇಸಿಗೆಯಲ್ಲಿ ಹೆಚ್ಚುಕಡಿಮೆ ಆ ದೇಶವೆಲ್ಲ ಗಡಿಯಾರ ಒಂದು ಗಂಟೆ ಮುಂದೆ ಮಾಡಿಕೊಂಡರೂ ಅರಿಜೋನಾ ರಾಜ್ಯ ಮಾಡಿಕೊಳ್ಳುವುದಿಲ್ಲ. ಅದರೊಳಗಿನ ನವಾಹೋ ಎಂಬ ಮೂಲನಿವಾಸಿಗಳ ನಾಡು ಮಾಡಿಕೊಳ್ಳುತ್ತದೆ. ನವಾಹೋ ನಾಡಿನ ಹೊಟ್ಟೆಯೊಳಗಿರುವ ಹೋಪಿ ಜನರ ನೆಲ ಮತ್ತೆ ಮಾಡಿಕೊಳ್ಳುವುದಿಲ್ಲ. ಇದಕ್ಕೊಂದು ಉಪಕಥೆಯೂ ಇದೆ: ಬಂಡೆಯ ಸೀಳಿನಂತಿರುವ ಆಂಟಲೋಪ್ ಕಣಿವೆ ಇರುವುದು ನವಾಹೋ ನೆಲದಲ್ಲಿ, ಅಲ್ಲಿನ ಟಿಕೆಟ್ ನಡೆಯುವುದು ಪಕ್ಕದ ಪೇಜ್ ಪಟ್ಟಣದ ಸಮಯದಲ್ಲಿ. ಗಡಿ ಹತ್ತಿರ ಮೊಬೈಲ್ ಹಿಂದೆ ಮುಂದೆ ಕುಣಿಯುತ್ತಿದೆಯೆಂದು ನಮ್ಮ ಅಳಿಯಂದಿರು ಹಿಂದಿನ ದಿನವೇ ಅದನ್ನು ಅರಿಜೋನಾದ ರಾಜಧಾನಿ ಫೀನಿಕ್ಸ್‌ನ ಸಮಯಕ್ಕೆ ಕಟ್ಟಿಹಾಕಿದ್ದರು. ನಾವು ತಂಗಿದ್ದ ಮೋಟೆಲ್‌ನ ಹುಡುಗನನ್ನೂ ಕೇಳಿದ್ದೆವು. "ಎಲ್ಲ ಕಡೆ ಒಂದೇ ಸಮಯ" ಎಂದಿದ್ದ.

ಆ ಮೋಟೆಲ್ ಬಗ್ಗೆ ಎರಡು ಮಾತು. ಹೆಸರು ಬೇಡ, ಪೇಜ್‌ನಲ್ಲಿ ಇಂಥವು ಸಾಲಾಗಿ ಇವೆ. ರಾತ್ರಿಗೆ 240 ಡಾಲರ್ ಎಂದು ಹೇಳಿ, ಬಿಲ್ಲಿನಲ್ಲಿ ಅದರ ಮೇಲೊಂದು 'ಸೌಲಭ್ಯ ಶುಲ್ಕ' ಸೇರಿಸಿದರು. ಸೌಲಭ್ಯ ಯಾವುದೆಂದು ಕೇಳಿದರೆ ಈಜುಕೊಳ. ಅದಕ್ಕೆ ಟಾರ್ಪಾಲು ಮುಚ್ಚಿತ್ತು. ನಮ್ಮ ಕೋಣೆಯ ಗೋಡೆಗೆ ಒತ್ತಿಕೊಂಡೇ ಮಂಜುಗಡ್ಡೆಯ ಯಂತ್ರ. ನಿಮಿಷಕ್ಕೊಮ್ಮೆ ಗುರ್ ಎಂದು, ಆಮೇಲೆ ದಡದಡ ಗಡ್ಡೆ ಉದುರಿಸಿ, ಸುಮ್ಮನಾಗುತ್ತಿತ್ತು. ಮತ್ತೆ ಗುರ್. ಪೇಜ್ ಪಟ್ಟಣ ಹುಟ್ಟಿದ್ದೇ 1957ರಲ್ಲಿ, ಗ್ಲೆನ್ ಕ್ಯಾನ್ಯನ್ ಅಣೆಕಟ್ಟೆಯ ಕೆಲಸಗಾರರ ಬಿಡಾರವಾಗಿ. ಊರು ಈಗಲೂ ಬಿಡಾರದ ಲೆಕ್ಕದಲ್ಲೇ ಇದೆ, ದರ ಮಾತ್ರ ಅರಮನೆಯದು. ಸಾಧ್ಯವಾದರೆ ಅಲ್ಲಿ ಮಲಗಬೇಡಿ.

ಆಂಟಲೋಪ್ ಕಣಿವೆಯ ಬೆಳಕಿನ ಕಿರಣಗಳನ್ನು ನೀವು ಫೋಟೋದಲ್ಲಿ ನೋಡಿಯೇ ಇರುತ್ತೀರಿ. ನಾನು ನೋಡಿದ್ದು ಹೆಚ್ಚಾಗಿ ಮುಂದಿದ್ದವರ ಬೆನ್ನನ್ನು. ಒಂದು ಮಾತು ಮಾತ್ರ ಹೇಳಬೇಕು. ನಿಮ್ಮ ತಲೆಯ ಮೇಲೆ ಬಿಸಿಲಿದ್ದರೂ ಮಳೆಯ ಕಾರಣಕ್ಕೆ ಪ್ರವಾಸ ರದ್ದು ಮಾಡಿದರೆ ಜಗಳವಾಡಬೇಡಿ. 1997ರ ಆಗಸ್ಟ್‌ನಲ್ಲಿ ಎಷ್ಟೋ ಮೈಲಿ ಆಚೆ ಬಿದ್ದ ಮಳೆಯ ನೀರು ಆ ಸೀಳಿನೊಳಗೆ ಗೋಡೆಯಂತೆ ನುಗ್ಗಿ 11 ಪ್ರವಾಸಿಗರನ್ನು ಕೊಂದಿತ್ತು.

ಮತ್ತೆ ನವಾಹೋ ರಾಷ್ಟ್ರೀಯ ಸ್ಮಾರಕಕ್ಕೆ ಬರುತ್ತೇನೆ. ನಡಿಗೆ ತಪ್ಪಿದ್ದರಿಂದ ಕಣಿವೆಯ ಈಚೆ ಅಂಚಿನ ಕಾಲುದಾರಿಯಲ್ಲಿ ಹೋದೆವು. ಹೋಗಿ ಬರಲು ಸುಮಾರು ಒಂದು ಮೈಲಿ, ಸಿಮೆಂಟ್ ಹಾದಿ, ನನ್ನ ಮಂಡಿಗೂ ಒಪ್ಪಿಗೆಯಾಯಿತು. ಪ್ರವೇಶಕ್ಕೆ ದುಡ್ಡಿಲ್ಲ. ಅಷ್ಟೊತ್ತಿಗೆ ಅಲ್ಲಿದ್ದವರು ನಾವು ಮೂವರು ಮತ್ತು ಒಂದು ಓತಿಕ್ಯಾತ. ಎದುರು ದಡದ ಕೆಂಪು ಬಂಡೆಯಲ್ಲಿ ಒಂದು ಬೃಹತ್ ಗೂಡು ಕೊರೆದಂತಿದೆ, ಅದರ ಬುಡದಲ್ಲಿ ಬೆಂಕಿಪೊಟ್ಟಣ ಜೋಡಿಸಿದ ಹಾಗೆ ಮನೆಗಳು. ಅದೇ ಬೆಟಾಟಕಿನ್. ದುರ್ಬೀನು ಹಿಡಿದು ನೋಡಿದರೆ ಬಾಗಿಲಿನ ಮೇಲಿನ ತೊಲೆ ಸಹ ಕಾಣುತ್ತದೆ. ಆ ತೊಲೆಗಳ ಉಂಗುರ ಎಣಿಸಿಯೇ ಮನೆ ಕಟ್ಟಿದ ವರ್ಷಗಳನ್ನು ಹೇಳುತ್ತಾರೆ. 1250ರ ಆಚೀಚೆ ಬಂದು ಕಟ್ಟಿದವರು 1300ರ ಹೊತ್ತಿಗೆ ಬಿಟ್ಟು ಹೊರಟಿದ್ದರು. ನಮ್ಮಲ್ಲಿ ಹೊಯ್ಸಳರ ಕಾಲ. ಐವತ್ತು ವರ್ಷ ಬಾಳಲು ಅಷ್ಟು ಎತ್ತರದ ಗೂಡಿನಲ್ಲಿ ಕಲ್ಲು ಕಲ್ಲು ಹೊತ್ತು ಕಟ್ಟಿದ್ದಾರೆ. ಅವರನ್ನು ಬಹಳ ಕಾಲ ಅನಸಾಜಿ ಎನ್ನುತ್ತಿದ್ದರು. ಅದು ನವಾಹೋ ಮಾತು, 'ಪುರಾತನ ಶತ್ರು' ಎಂಬ ಅರ್ಥವೂ ಬರುತ್ತದೆ. ತಮ್ಮ ಹಿರಿಯರನ್ನು ಹಾಗೆ ಕರೆಯುವುದು ಹೋಪಿಗಳಿಗೆ ಹಿಡಿಸುವುದಿಲ್ಲ. ಅವರ ಮಾತಿನಲ್ಲಿ ಹಿಸತ್ಸಿನೊಮ್.

ಶಿವಮೊಗ್ಗದ ಹೈಸ್ಕೂಲಿನಲ್ಲಿ ಮೂವತ್ತು ವರ್ಷ ಚರಿತ್ರೆ ಪಾಠ ಮಾಡಿದವಳು ನಾನು. 'ಕಂಡುಹಿಡಿದವರು ಯಾರು' ಎಂದು ಬಿಟ್ಟ ಸ್ಥಳ ತುಂಬಿಸಿದ್ದೇ ತುಂಬಿಸಿದ್ದು. ಈ ಸೀಮೆಯಲ್ಲಿ ಆ ಪ್ರಶ್ನೆಗೆ ಒಂದು ಗೆರೆ ಸಾಲುವುದಿಲ್ಲ. 1540ರಲ್ಲಿ ಗ್ರ್ಯಾಂಡ್ ಕ್ಯಾನ್ಯನ್ ಅಂಚಿಗೆ ಬಂದು ನಿಂತ ಮೊದಲ ಯುರೋಪಿಯನ್ನರು ಸ್ಪೇನಿನ ಕಾರ್ಡೆನಾಸ್‌ನ ತಂಡದವರು, ದಾರಿ ತೋರಿಸಿದವರು ಹೋಪಿಗಳು. ಮೇಲಿನಿಂದ ನೋಡಿ ನದಿ ಆಳೆತ್ತರದಷ್ಟೂ ಅಗಲವಿಲ್ಲ ಎಂದುಕೊಂಡು ಮೂವರು ಇಳಿಯಲು ಹೋದರು. ಮೂರನೇ ಒಂದು ಪಾಲು ಇಳಿಯುವಷ್ಟರಲ್ಲಿ ಸುಸ್ತಾಗಿ ಹತ್ತಿ ಬಂದರು. ಮೇಲಿನಿಂದ ಆಳೆತ್ತರ ಕಂಡ ಬಂಡೆಗಳು ಸೆವಿಲ್ ನಗರದ ದೊಡ್ಡ ಗೋಪುರಕ್ಕಿಂತ ಎತ್ತರವೆಂದು ಆಮೇಲೆ ವರದಿ ಕೊಟ್ಟರು. 1909ರ ಆಗಸ್ಟ್‌ನಲ್ಲಿ ಕಮಿಂಗ್ಸ್ ಮತ್ತು ಡಗ್ಲಸ್ ಎಂಬಿಬ್ಬರ ತಂಡಗಳು ಜೊತೆಗೂಡಿ ರೇನ್‌ಬೋ ಬ್ರಿಜ್ ಎಂಬ ಕಲ್ಲಿನ ಕಮಾನು ನೋಡಲು ಹೋದವು. ಮೊದಲು ಕಂಡವರು ಯಾರೆಂದು ಇಬ್ಬರೂ ಜಗಳವಾಡಿದರು. ಇಬ್ಬರಿಗೂ ದಾರಿ ತೋರಿಸಿಕೊಂಡು ಹೋದವರಲ್ಲಿ ನಶ್ಯಾ ಬೆಗೇ ಎಂಬ, ಪಾಯೂಟ್ ಬುಡಕಟ್ಟಿನ ತರುಣನಿದ್ದ.

ಜನಸಂದಣಿ ಆಗದವರು ಒಂದಿಡೀ ದಿನ ಕೊಡಬೇಕಾದದ್ದು ಲೀಸ್ ಫೆರಿಗೆ. ನೂರಾರು ಮೈಲಿ ಉದ್ದಕ್ಕೂ ಕಡಿದಾದ ಗೋಡೆಗಳ ನಡುವೆ ಹರಿಯುವ ಕೊಲೊರಾಡೊ ನದಿಗೆ ಗಾಡಿ ಇಳಿಯುವಂಥ ದಡ ಸಿಗುವುದು ಇಲ್ಲಿ. 1776ರ ಅಕ್ಟೋಬರ್ ಕೊನೆಯಲ್ಲಿ ಡೊಮಿಂಗೆಜ್ ಮತ್ತು ಎಸ್ಕಲಾಂಟೆ ಎಂಬ ಇಬ್ಬರು ಸ್ಪ್ಯಾನಿಷ್ ಪಾದ್ರಿಗಳು, ಕ್ಯಾಲಿಫೋರ್ನಿಯಾಕ್ಕೆ ದಾರಿ ಹುಡುಕಲು ಹೋಗಿ ಹಿಮಕ್ಕೆ ಹೆದರಿ ಹಿಂತಿರುಗುತ್ತಾ, ಇಲ್ಲಿಗೆ ಬಂದು ಸಿಕ್ಕಿಬಿದ್ದರು. ದಾಟಲಾಗಲಿಲ್ಲ. ಊಟಕ್ಕೆ ತಮ್ಮ ಕುದುರೆಗಳನ್ನೇ ಕಡಿದರು. ಜಾಗಕ್ಕೆ 'ಸಲ್ಸಿಪುಯೆದೆಸ್' ಎಂದು ಹೆಸರಿಟ್ಟರು, ಅಂದರೆ 'ತಾಕತ್ತಿದ್ದರೆ ಹೊರಬೀಳು'. ಕೊನೆಗೆ ಬಂಡೆ ಹತ್ತಿ, ನದಿಯ ಮೇಲ್ಗಡೆ ಇನ್ನೊಂದು ಕಡೆ ಕುದುರೆಗಳಿಗಾಗಿ ಕಲ್ಲಿನಲ್ಲಿ ಮೆಟ್ಟಿಲು ಕಡಿದು, ನವೆಂಬರ್ 7ರಂದು ನದಿ ದಾಟಿದರು. ಆ ಮೆಟ್ಟಿಲು ನೋಡುತ್ತೇನೆಂದು ಹಟ ಹಿಡಿದೆ. ನೋಡಲಾಗದು. 1963ರಲ್ಲಿ ಅಣೆಕಟ್ಟೆಯ ಬಾಗಿಲು ಹಾಕಿದ ಮೇಲೆ ಆ ಜಾಗ ನೀರಿನಡಿ ಹೋಗಿದೆ. ನೀರಿನ ಹೆಸರು ಲೇಕ್ ಪೊವೆಲ್. ಒಂದೇ ಕೈಯಿದ್ದ ಮೇಜರ್ ಪೊವೆಲ್ 1869ರಲ್ಲಿ ನಾಲ್ಕು ದೋಣಿಗಳೊಂದಿಗೆ ಈ ನದಿಯ ಗುಂಟ ಇಳಿದು ಆ ಕಣಿವೆಗೆ ಗ್ಲೆನ್ ಕ್ಯಾನ್ಯನ್ ಎಂದು ಹೆಸರಿಟ್ಟ. ಅವನು ಹೆಸರಿಟ್ಟ ಕಣಿವೆಯನ್ನು ಮುಳುಗಿಸಿ ಮುಳುಗಿಸಿದ ನೀರಿಗೆ ಅವನ ಹೆಸರಿಟ್ಟಿದ್ದಾರೆ. ನಮ್ಮ ಲಿಂಗನಮಕ್ಕಿಯಲ್ಲಿ ಊರು ಕಳೆದುಕೊಂಡವರ ಮಕ್ಕಳಿಗೆ ಪಾಠ ಹೇಳಿದ ನನಗೆ ಅಲ್ಲಿ ದೋಣಿವಿಹಾರ ಮಾಡುವ ಮನಸ್ಸಾಗಲಿಲ್ಲ.

ಲೀಸ್ ಫೆರಿಯ ತೋಟದ ಹಿಂದೆ ಒಂದು ಪುಟ್ಟ ಸ್ಮಶಾನವಿದೆ. 1891ರಲ್ಲಿ ದೋಣಿ ನಡೆಸುತ್ತಿದ್ದವನ ನಾಲ್ವರು ಮಕ್ಕಳು ಗಂಟಲಮಾರಿಗೆ ಒಬ್ಬರ ಹಿಂದೆ ಒಬ್ಬರು ಹೋದರು. ಬಿಸಿಲೇರುವ ಮೊದಲು ಹೋಗಿ, ನೀರು ಒಯ್ಯಿರಿ. ಬರುವಾಗ ನವಾಹೋ ಸೇತುವೆಯ ಮೇಲೆ ನಡೆಯಿರಿ. 1929ರ ಹಳೆಯ ಸೇತುವೆ ಈಗ ನಡೆಯುವವರಿಗೇ ಮೀಸಲು. ಅದೃಷ್ಟವಿದ್ದರೆ ಕೆಳಗಿನ ತೊಲೆಗಳ ಮೇಲೆ ಕಾಂಡೋರ್ ರಣಹದ್ದು ರೆಕ್ಕೆಗೆ ನಂಬರು ಕಟ್ಟಿಕೊಂಡು ಕೂತಿರುತ್ತದೆ.

ಇನ್ನು ಊಟ. ಶುಕ್ರವಾರ ನವಾಹೋ ನಾಡಿನ ಟ್ಯೂಬಾ ಸಿಟಿಯಲ್ಲಿ ಸಂತೆ. ಹೌದು, ಸಂತೆಯೇ: ಧೂಳು, ಟೆಂಟು, ಒಣಗಿಸಿದ ಬೇರುಗಳು, ಹಳೆಯ ಟೈರು, ಬೆಳ್ಳಿ ಬಳೆ. ಪ್ರವಾಸಿಗರು ನಾವೇ. ಒಂದು ಟೆಂಟಿನಲ್ಲಿ ಅಜ್ಜಿಯೊಬ್ಬರು ಹಿಟ್ಟಿನುಂಡೆಯನ್ನು ಲಟ್ಟಣಿಗೆಯಿಲ್ಲದೆ, ಎರಡು ಅಂಗೈಗಳ ನಡುವೆ ಚಪಚಪ ತಟ್ಟುತ್ತಾ ತಿರುಗಿಸುತ್ತಿದ್ದರು. ನಮ್ಮ ಜೋಳದ ರೊಟ್ಟಿಯನ್ನು ಗಾಳಿಯಲ್ಲಿ ತಟ್ಟಿದ ಹಾಗೆ. ತಟ್ಟೆಯಗಲವಾದಾಗ ನಡುವೆ ಬೆರಳಿನಿಂದ ಒಂದು ತೂತು ಮಾಡಿ ಎಣ್ಣೆಗೆ ಬಿಟ್ಟರು. ಉಬ್ಬಿ ಹೊಂಬಣ್ಣವಾಗಿ ಎದ್ದಿತು, ಅಂಚು ಗರಿಗರಿ, ಒಳಗೆ ಮೆತ್ತಗೆ, ಭಟೂರಕ್ಕಿಂತ ದಪ್ಪ. ಮೇಲೆ ಬೇಯಿಸಿದ ಕಾಳು, ಹಸಿಮೆಣಸಿನಕಾಯಿ. ಒಂದನ್ನು ಮೂವರೂ ತಿಂದು ಉಳಿಯಿತು. ಸಸ್ಯಾಹಾರಿಗಳು ಎಣ್ಣೆ ಯಾವುದು, ಕಾಳಿನಲ್ಲಿ ಮಾಂಸ ಬಿದ್ದಿದೆಯೇ ಎಂದು ಮೊದಲೇ ಕೇಳಬೇಕು. ಅಜ್ಜಿ ಬೇಸರಿಸದೆ ಎಣ್ಣೆಯ ಡಬ್ಬವನ್ನೇ ಎತ್ತಿ ತೋರಿಸಿದರು. ಪಕ್ಕದಲ್ಲಿ ನೀಲಿ ಜೋಳದ ಅಂಬಲಿ. ನೀಲಿ ಮುಸುಕಿನ ಜೋಳದ ಹಿಟ್ಟಿಗೆ ಜೂನಿಪರ್ ಸೊಪ್ಪು ಸುಟ್ಟ ಬೂದಿ ಸೇರಿಸಿ ಕಾಯಿಸುತ್ತಾರೆ. ಬಣ್ಣ, ಹದ ಎರಡರಲ್ಲೂ ರಾಗಿ ಅಂಬಲಿಯ ತಂಗಿ. ಎರಡು ಲೋಟ ಕುಡಿದೆ.

ಈ ಕರಿದ ರೊಟ್ಟಿ ಅವರ ಪುರಾತನ ತಿನಿಸೆಂದು ಮಗಳು ಹೇಳುತ್ತಿದ್ದಳು. ಅಜ್ಜಿ ತಿದ್ದಿದರು. 1864ರಲ್ಲಿ ಅಮೆರಿಕದ ಸೈನ್ಯ ಹೊಲಗಳನ್ನು ಸುಟ್ಟು, ಪೀಚ್ ಮರಗಳನ್ನು ಕಡಿದು, ಅವರ ಹಿರಿಯರನ್ನು ನ್ಯೂ ಮೆಕ್ಸಿಕೋದ ಬಾಸ್ಕ್ ರೆಡೊಂಡೊವರೆಗೆ ನಡೆಸಿಕೊಂಡು ಹೋಯಿತು. 1868ರ ಒಪ್ಪಂದದವರೆಗೂ ಅಲ್ಲೇ ಸೆರೆ. ಪಡಿತರವಾಗಿ ಕೊಟ್ಟದ್ದು ಮೈದಾ ಮತ್ತು ಕೊಬ್ಬು. ಆ ಎರಡರಿಂದ ಏನು ಮಾಡಬಹುದೋ ಅದನ್ನು ಮಾಡಿದರು. "ಪುರಾತನದ್ದು ಅದು" ಎಂದು ಅಂಬಲಿಯ ಪಾತ್ರೆ ತೋರಿಸಿದರು.

ಕಡೆಗೆ ಚಿಲ್ಲರೆ ವಿಷಯಗಳು. ನಗದು ಇಟ್ಟುಕೊಳ್ಳಿ. ಹೋಪಿ ಹಳ್ಳಿಗಳಲ್ಲಿ ಕ್ಯಾಮೆರಾ ಹೊರಗೆ ತೆಗೆಯಲೇಬೇಡಿ, ಚಿತ್ರ ಬಿಡಿಸುವುದೂ ಕೂಡದು. ಟ್ಯಾಂಕು ಅರ್ಧಕ್ಕೆ ಇಳಿಯುವ ಮೊದಲೇ ಪೆಟ್ರೋಲ್ ಹಾಕಿಸಿ. ನಾವು ಹಾಕಿಸಿದ್ದು ಟ್ಯೂಬಾ ಸಿಟಿಯ ಎದುರಿಗಿರುವ ಮೊಯೆನ್‌ಕೋಪಿಯಲ್ಲಿ. ಅದು ಹೋಪಿ ಊರು, ನಡುವೆ ಒಂದು ಹೆದ್ದಾರಿ ಅಷ್ಟೇ. ರೊಟ್ಟಿ ಕೊಂಡದ್ದು ಸಂತೆಯ ಗಡಿಯಾರದಲ್ಲಿ ಹನ್ನೆರಡೂವರೆಗೆ. ತಿಂದು, ಕೈ ತೊಳೆದು, ರಸ್ತೆ ದಾಟಿ ಪೆಟ್ರೋಲ್ ಹಾಕಿಸಿದಾಗ ರಸೀದಿಯಲ್ಲಿ ಹನ್ನೊಂದು ಐವತ್ತು. ಅಳಿಯಂದಿರು ಅದನ್ನು ಮಡಚಿ ಪರ್ಸಿನಲ್ಲಿ ಇಟ್ಟುಕೊಂಡಿದ್ದಾರೆ.