‘ಪ್ರೊ ಯಾವಾಗ ಆಗ್ತಾಳೆ ಸಾರ್?’

ನಾನು ಟೆನಿಸ್ ಕೋಚ್ ಅಲ್ಲ. ರ್ಯಾಕೆಟ್‌ಗೆ ಗಟ್ಟಿಂಗ್, ಅಂದರೆ ಬಲೆಯ ತಂತಿ, ಹಾಕುವವನು. ಮೈಸೂರಿನಲ್ಲಿ ಒಂದು ಸಣ್ಣ ಅಂಗಡಿ, ಒಂದು ಮಷೀನು, ಬಂದವರು ಕೂರೋಕೆ ಒಂದು ಸ್ಟೂಲು. ಆ ಸ್ಟೂಲಿನ ಮೇಲೆ ಕೂತ ಅಪ್ಪಂದಿರು ಬಿಸಿಲು, ಮಳೆ, ಕೋರ್ಟ್ ಬಾಡಿಗೆ ಎಲ್ಲ ಮಾತಾಡಿ ಕೊನೆಗೆ ಬಂದು ನಿಲ್ಲುವುದು ಒಂದೇ ಪ್ರಶ್ನೆಗೆ. "ನಮ್ಮ ಹುಡುಗಿ ಅಂಡರ್ ಫೋರ್ಟೀನ್‌ನಲ್ಲಿ ಎರಡು ಸೂಪರ್ ಸೀರೀಸ್ ಟೂರ್ನಮೆಂಟ್ ಗೆದ್ದಿದಾಳೆ. ಪ್ರೊ ಯಾವಾಗ ಆಗ್ತಾಳೆ ಸಾರ್?"

ರ್ಯಾಕೆಟ್ ತರುವುದು ಅಪ್ಪ, ಗಟ್ಟಿಂಗ್ ಯಾವುದು ಅಂತ ಹೇಳುವುದು ಅಪ್ಪ, ಎಷ್ಟು ಪೌಂಡ್ ಟೆನ್ಷನ್, ಅಂದರೆ ತಂತಿ ಎಷ್ಟು ಬಿಗಿ, ಅನ್ನುವುದೂ ಅಪ್ಪ. ಹುಡುಗಿ ಬಾಗಿಲ ಹತ್ತಿರ ನಿಂತು ಫೋನ್ ನೋಡುತ್ತಿರುತ್ತಾಳೆ. ಒಂದು ರ್ಯಾಕೆಟ್ ಕಟ್ಟೋಕೆ ನನಗೆ ಮುಕ್ಕಾಲು ಗಂಟೆ ಸಾಕು. ಈ ಪ್ರಶ್ನೆಗೆ ಅಷ್ಟು ಹೊತ್ತು ಸಾಲುವುದಿಲ್ಲ, ಅದಕ್ಕೇ ಬರೆದಿಟ್ಟಿದ್ದೇನೆ.

ಮೊದಲ ಮಾತು. ಜೂನಿಯರ್ ಮುಗಿಸಿ, ಟಿ.ಸಿ. ತಗೊಂಡು, ಪ್ರೊಗೆ ಅಡ್ಮಿಷನ್ ಮಾಡಿಸುವ ಪದ್ಧತಿ ಟೆನಿಸ್‌ನಲ್ಲಿ ಇಲ್ಲ. ಎರಡೂ ಬೇರೆ ಬೇರೆ ಖಾತೆ. ಜೂನಿಯರ್ ವಿಂಬಲ್ಡನ್ ಗೆದ್ದವರಿಗೆ ಪ್ರೊ ರ್ಯಾಂಕಿಂಗ್‌ನಲ್ಲಿ ಸಿಗುವ ಪಾಯಿಂಟ್ ಎಷ್ಟು ಗೊತ್ತಾ? ಸೊನ್ನೆ. ಅದೇ ಟ್ಯುನೀಷಿಯಾದ ಮೊನಾಸ್ಟಿರ್‌ನಲ್ಲೋ ಟರ್ಕಿಯ ಅಂಟಾಲ್ಯದಲ್ಲೋ, ನೋಡೋಕೆ ಹತ್ತು ಜನ ಇಲ್ಲದ ಕೋರ್ಟ್‌ನಲ್ಲಿ ಒಂದು 15ಕೆ ಗೆದ್ದರೆ 15 ಪಾಯಿಂಟ್. 15ಕೆ ಅಂದರೆ ಒಟ್ಟು ಬಹುಮಾನ 15 ಸಾವಿರ ಡಾಲರ್ ಇರುವ, ಪ್ರೊ ಟೆನಿಸ್‌ನ ತೀರಾ ಕೆಳಗಿನ ಮೆಟ್ಟಿಲು. ಒಳ್ಳೆಯ ಜೂನಿಯರ್‌ಗಳಿಗೆ ಅಲ್ಲಿ ಕೆಲವು ಸ್ಥಾನ ಮೀಸಲಿಡುತ್ತಾರೆ, ನಿಜ. ಆದರೆ ಅದು ಬಾಗಿಲು ತೆಗೆಯುತ್ತದೆ, ಅಷ್ಟೇ. ಒಳಗಿರುವವರು ಎದ್ದು ಜಾಗ ಬಿಡುವುದಿಲ್ಲ.

ಯೂಕಿ ಭಾಂಬ್ರಿಯನ್ನು ನೆನೆಸಿಕೊಳ್ಳಿ. 2009ರಲ್ಲಿ, ಹದಿನಾರನೇ ವಯಸ್ಸಿಗೆ, ಆಸ್ಟ್ರೇಲಿಯನ್ ಓಪನ್ ಜೂನಿಯರ್ ಸಿಂಗಲ್ಸ್ ಗೆದ್ದರು. ಜಗತ್ತಿನ ನಂಬರ್ ಒನ್ ಜೂನಿಯರ್ ಆದರು. ಪ್ರೊ ಸಿಂಗಲ್ಸ್‌ನಲ್ಲಿ ಟಾಪ್ 100ರೊಳಗೆ ಕಾಲಿಟ್ಟದ್ದು 2015ರಲ್ಲಿ. ಅತ್ಯುತ್ತಮ ರ್ಯಾಂಕ್ 83, ಅದು ಬಂದದ್ದು 2018ರಲ್ಲಿ. ನಡುವೆ ಒಂದಾದ ಮೇಲೊಂದು ಗಾಯ. ಈಗ ಡಬಲ್ಸ್‌ನಲ್ಲಿ ಚೆನ್ನಾಗಿ ಆಡುತ್ತಿದ್ದಾರೆ. ಅವರನ್ನು ‘ಫೇಲ್ ಆದ’ ಅನ್ನುವವರನ್ನು ಕಂಡರೆ ನನಗೆ ಸಿಟ್ಟು ಬರುತ್ತದೆ. 83 ಅಂದರೆ ಏನು ಹುಡುಗಾಟವೇ? ಇನ್ನೊಂದು ಕಡೆ ನಮ್ಮ ಕೊಡಗಿನ ಬೋಪಣ್ಣ. ಜೂನಿಯರ್ ಗ್ರ್ಯಾಂಡ್ ಸ್ಲಾಂ ಟ್ರೋಫಿ ಯಾವುದೂ ಇಲ್ಲ. 43ನೇ ವಯಸ್ಸಿಗೆ ಆಸ್ಟ್ರೇಲಿಯನ್ ಓಪನ್ ಡಬಲ್ಸ್ ಗೆದ್ದು ಡಬಲ್ಸ್‌ನ ನಂಬರ್ ಒನ್ ಆದರು.

ಆದರೆ ಅಪ್ಪಂದಿರ ತಲೆಯಲ್ಲಿ ಇರುವುದು ಇವರಿಬ್ಬರೂ ಅಲ್ಲ. ಅವರ ಫೋನ್‌ನಲ್ಲಿ ಇರುವುದು ರಷ್ಯಾದ ಮಿರಾ ಆಂಡ್ರೀವಾಳ ವಿಡಿಯೊ. ಸರಿ, ಅವಳನ್ನೇ ನೋಡೋಣ.

2023ರ ಜನವರಿ, ಮೆಲ್ಬರ್ನ್‌ನ ಆಸ್ಟ್ರೇಲಿಯನ್ ಓಪನ್. ಆಂಡ್ರೀವಾಗೆ ಹದಿನೈದು. ಜೂನಿಯರ್ ಫೈನಲ್‌ನಲ್ಲಿ ಎದುರಾಳಿ ತನ್ನದೇ ದೇಶದ ಅಲೀನಾ ಕೊರ್ನೀವಾ. ಮೂರು ಗಂಟೆಗೂ ಮೀರಿ ಆಡಿ, ಮೂರನೇ ಸೆಟ್‌ನಲ್ಲಿ 7-5ಕ್ಕೆ ಸೋತಳು. ಅದೇ ದಿನಗಳಲ್ಲಿ, ಅದೇ ಮೆಲ್ಬರ್ನ್‌ನಲ್ಲಿ, ಪೋಲೆಂಡಿನ ಮಾಗ್ದಾ ಲಿನೆಟ್ ಮಹಿಳೆಯರ ಸೆಮಿಫೈನಲ್ ಆಡಿದ್ದರು. ಅವರನ್ನು ಸೋಲಿಸಿದ ಬೆಲಾರೂಸಿನ ಸಬಲೆಂಕಾ ಕಪ್ ಎತ್ತಿದರು. ಈ ಎರಡು ಹೆಸರು ನೆನಪಿಟ್ಟುಕೊಳ್ಳಿ.

ಸೋತ ಹುಡುಗಿ ಹಿಂದಿರುಗಿ ಮತ್ತೊಂದು ಜೂನಿಯರ್ ಕಪ್ ಹಿಂದೆ ಬೀಳಲಿಲ್ಲ. ಏಪ್ರಿಲ್‌ನಲ್ಲಿ ಸ್ವಿಟ್ಜರ್ಲೆಂಡಿನ ಕಿಯಾಸೊ, ಬೆಲಿಂಜೋನಾ ಎನ್ನುವ ಊರುಗಳಲ್ಲಿ ಎರಡು 60ಕೆ ಆಡಿದಳು. ಎರಡನ್ನೂ ಗೆದ್ದಳು. ಟಿವಿಯಲ್ಲಿ ಯಾರೂ ತೋರಿಸಲಿಲ್ಲ. ನನ್ನನ್ನು ಕೇಳಿದರೆ, ಇಡೀ ಕತೆಯಲ್ಲಿ ಮುಖ್ಯವಾದ ವಾರಗಳು ಅವೇ. ಅದೇ ತಿಂಗಳ ಕೊನೆಗೆ ಮ್ಯಾಡ್ರಿಡ್‌ನ ದೊಡ್ಡ ಟೂರ್ನಮೆಂಟ್‌ಗೆ ವೈಲ್ಡ್‌ಕಾರ್ಡ್, ಅಂದರೆ ಸಂಘಟಕರೇ ಕರೆದು ಕೊಡುವ ಜಾಗ, ಸಿಕ್ಕಿತು. ಅವಳೆದುರು ಲೇಲಾ ಫರ್ನಾಂಡಿಸ್ ಸೋತರು, ಹದ್ದಾದ್ ಮೈಯಾ ಸೋತರು. ಏಪ್ರಿಲ್ 29ಕ್ಕೆ ಹದಿನಾರು ತುಂಬಿತು. ಹುಟ್ಟುಹಬ್ಬದ ದಿನವೇ ಅವಳು ಸೋಲಿಸಿದ್ದು ಯಾರನ್ನು? ಮಾಗ್ದಾ ಲಿನೆಟ್‌ರನ್ನು. ಮುಂದಿನ ಸುತ್ತಿನಲ್ಲಿ ಸಬಲೆಂಕಾ ಸಿಕ್ಕರು, ಆಟ ಬೇಗ ಮುಗಿಯಿತು. ಇನ್ನೂ ದೂರ ಇದೆ ಮಗಳೇ ಅಂದ ಹಾಗೆ.

ಆಮೇಲೆ ಪ್ಯಾರಿಸ್‌ನ ಫ್ರೆಂಚ್ ಓಪನ್‌ನಲ್ಲಿ ಕ್ವಾಲಿಫೈಯಿಂಗ್ (ಅರ್ಹತಾ ಸುತ್ತು) ದಾಟಿ ಮೂರನೇ ಸುತ್ತು. ವಿಂಬಲ್ಡನ್‌ನಲ್ಲೂ ಕ್ವಾಲಿಫೈಯಿಂಗ್ ದಾಟಿ ನಾಲ್ಕನೇ ಸುತ್ತು. ಅಲ್ಲಿ ಮ್ಯಾಡಿಸನ್ ಕೀಸ್ ವಿರುದ್ಧ ಮೊದಲ ಸೆಟ್ ಗೆದ್ದಿದ್ದಳು. ಕೊನೆಯ ಸೆಟ್‌ನಲ್ಲಿ ರ್ಯಾಕೆಟ್ ಎಸೆದಳೆಂದು ಅಂಪೈರ್ ಒಂದು ಪಾಯಿಂಟ್ ಕಿತ್ತುಕೊಂಡರು. ಜಾರಿದ್ದು, ಎಸೆದದ್ದಲ್ಲ ಅಂತ ಅವಳ ವಾದ. ಸೋತ ಮೇಲೆ ಅವಳು ಅಂಪೈರ್‌ರ ಕೈ ಕುಲುಕಲಿಲ್ಲ. ನನಗೆ ಆ ವಿಡಿಯೊ ಇಷ್ಟ. ರ್ಯಾಕೆಟ್ ಎಸೆಯುವುದನ್ನು ನಾನು ಒಪ್ಪುತ್ತೇನೆ ಅಂತಲ್ಲ, ನನ್ನ ಹೊಟ್ಟೆಪಾಡೇ ರ್ಯಾಕೆಟ್. ಆದರೆ ಹದಿನಾರು ವರ್ಷದ ಮಗು ಹದಿನಾರು ವರ್ಷದ ಮಗುವಿನ ಹಾಗೇ ಇತ್ತು ಅಲ್ವಾ?

ಮುಂದಿನ ವರ್ಷ ಕೋಚ್ ಆಗಿ ಬಂದವರು ಕೊಂಚಿತಾ ಮಾರ್ಟಿನೆಜ್, 1994ರ ವಿಂಬಲ್ಡನ್ ಚಾಂಪಿಯನ್. 2024ರ ಜೂನ್‌ನಲ್ಲಿ ಪ್ಯಾರಿಸ್ ಕ್ವಾರ್ಟರ್‌ಫೈನಲ್‌ನಲ್ಲಿ ಸಬಲೆಂಕಾ ಸೋತರು, ಇದೇ ಹುಡುಗಿಗೆ. 2025ರ ಫೆಬ್ರವರಿಯಲ್ಲಿ ದುಬೈ, ಮಾರ್ಚ್‌ನಲ್ಲಿ ಅಮೆರಿಕದ ಇಂಡಿಯನ್ ವೆಲ್ಸ್, ಎರಡನ್ನೂ ಗೆದ್ದಳು. ಇಂಡಿಯನ್ ವೆಲ್ಸ್ ಫೈನಲ್‌ನಲ್ಲಿ ಎದುರಿಗಿದ್ದವರೂ ಸಬಲೆಂಕಾನೇ. ಆ ಹೊತ್ತಿಗೆ, ಮೆಲ್ಬರ್ನ್‌ನಲ್ಲಿ ಅವಳನ್ನು ಸೋಲಿಸಿ ಜೂನಿಯರ್ ಕಪ್ ಎತ್ತಿದ್ದ ಕೊರ್ನೀವಾ ಇನ್ನೂ ಟಾಪ್ 100 ಮುಟ್ಟಿರಲಿಲ್ಲ.

ಇದನ್ನು ಹೇಳಿದರೆ ಕೆಲವರು, "ಹಾಗಾದ್ರೆ ಸ್ಕೂಲ್ ಬಿಡಿಸಿ ವರ್ಷಪೂರ್ತಿ ಆಡಿಸೋಣ್ವಾ?" ಅನ್ನುತ್ತಾರೆ. ಹುಡುಗಿಯರಿಗೆ ಅದು ಸಾಧ್ಯವೇ ಇಲ್ಲ. ಎಪ್ಪತ್ತು ಎಂಬತ್ತರ ದಶಕದಿಂದ ಚಿಕ್ಕ ವಯಸ್ಸಿನವರು ಸುಸ್ತಾಗಿ ಬಿದ್ದದ್ದನ್ನು ನೋಡಿ ನೋಡಿ, ಅಮೆರಿಕದ ಜೆನಿಫರ್ ಕ್ಯಾಪ್ರಿಯಾಟಿ ಕತೆ ಆದ ಮೇಲೆ ವಯಸ್ಸಿನ ನಿಯಮ ಬಿಗಿ ಮಾಡಿದರು. ಕ್ಯಾಪ್ರಿಯಾಟಿ ಪ್ರೊ ಆದದ್ದು 1990ರಲ್ಲಿ, ಹದಿನಾಲ್ಕು ತುಂಬುವ ಮೊದಲೇ. ಹದಿನೆಂಟರ ಹೊತ್ತಿಗೆ ಆಟ ಬಿಟ್ಟು, ಪೊಲೀಸ್ ಕೇಸಿನಲ್ಲಿ ಪೇಪರ್‌ಗೆ ಬಂದಿದ್ದರು. ಈಗ ಹದಿನೈದಕ್ಕೆ ವರ್ಷಕ್ಕೆ 10 ಪ್ರೊ ಟೂರ್ನಮೆಂಟ್, ಹದಿನಾರಕ್ಕೆ 12, ಚೆನ್ನಾಗಿ ಆಡಿದರೆ ಮೇಲೆ ಒಂದಿಷ್ಟು. ಆಂಡ್ರೀವಾ ಕೂಡ ಎಣಿಸಿ ಎಣಿಸಿ ಆಡಿದವಳೇ. ಮಧ್ಯೆ ಆನ್‌ಲೈನ್ ಸ್ಕೂಲು, ಕೆಮಿಸ್ಟ್ರಿಯ ಕಾಟ ಬೇರೆ.

ದುಡ್ಡಿನ ಮಾತು. 15ಕೆ ಗೆದ್ದವರಿಗೆ ಸಿಗುವುದು ಎರಡು ಸಾವಿರ ಚಿಲ್ಲರೆ ಡಾಲರ್. ಮೊದಲ ಸುತ್ತಿನಲ್ಲಿ ಸೋತರೆ 150 ಡಾಲರ್ ಆಸುಪಾಸು. ವಿಮಾನದ ಟಿಕೆಟ್ಟು, ಹೋಟೆಲ್ಲು, ಗಟ್ಟಿಂಗ್ ಎಲ್ಲ ಅದರಲ್ಲೇ. ಅದಕ್ಕೇ ಊರ ಹತ್ತಿರ ಟೂರ್ನಮೆಂಟ್ ನಡೆದರೆ ಮಕ್ಕಳಿಗೆ ದೊಡ್ಡ ಉಪಕಾರ. 2023ರಲ್ಲಿ ಮೈಸೂರು, ಧಾರವಾಡ, ಕಲಬುರಗಿ ಮೂರೂ ಕಡೆ ಹುಡುಗರ 25ಕೆ ನಡೆದಿತ್ತು. ಮುಂಬೈಯ ಒಂದು ಡಬ್ಲ್ಯುಟಿಎ (ಮಹಿಳೆಯರ ಪ್ರೊ) ಟೂರ್ನಮೆಂಟ್ ಏನು ಮಾಡಿತು ನೋಡಿ. 2025ರ ಫೆಬ್ರವರಿಯಲ್ಲಿ ಕೊಯಮತ್ತೂರಿನ ಮಾಯಾ ರಾಜೇಶ್ವರನ್, ಹದಿನೈದು ವರ್ಷದವಳು, ಕ್ವಾಲಿಫೈಯಿಂಗ್‌ನಿಂದ ಹೊರಟು ಸೆಮಿಫೈನಲ್ ತನಕ ಬಂದಳು. ಮರುದಿನದಿಂದ ನನ್ನ ಸ್ಟೂಲು ಖಾಲಿ ಇರಲಿಲ್ಲ.

ಅಂಥದ್ದೇ ಒಂದು 25ಕೆಯಲ್ಲಿ ನಾನು ಗಟ್ಟಿಂಗ್ ಹಾಕಲು ಕೂತಿದ್ದೆ. ಹದಿನೇಳರ ಹುಡುಗನೊಬ್ಬ ಬಂದ. ಜೂನಿಯರ್‌ನಲ್ಲಿ ಒಳ್ಳೆಯ ಹೆಸರಿತ್ತು. ಎರಡು ರ್ಯಾಕೆಟ್ಟು, 54 ಪೌಂಡ್. ಅವನ ಎದುರಾಳಿ ಇಪ್ಪತ್ತೇಳರವನು, ಯುರೋಪಿನಿಂದ ಬಂದವನು, ಆರು ರ್ಯಾಕೆಟ್ ಇಟ್ಟು ಮಾತಿಲ್ಲದೆ ಹೋದ. ಒಂದು ಗಂಟೆಯೂ ಆಗಲಿಲ್ಲ, ಹುಡುಗ 6-1, 6-2ಕ್ಕೆ ಸೋತು ವಾಪಸ್ ಬಂದ. ಅಳಲಿಲ್ಲ. ಮಣಿಕಟ್ಟು ಒತ್ತಿಕೊಳ್ಳುತ್ತಾ, "ಅಂಕಲ್, ಅವನ ಬಾಲ್ ಭಾರ. ಎರಡು ಪೌಂಡ್ ಇಳಿಸಿ ಕೊಡಿ, ನಾಳೆ ಪ್ರಾಕ್ಟೀಸ್ ಇದೆ" ಅಂದ. ರ್ಯಾಕೆಟ್ ಕೊಟ್ಟೆ. ದುಡ್ಡು ತಗೊಳ್ಳಲಿಲ್ಲ. ಅವನು ಯಾವತ್ತು ಪ್ರೊ ಆದ ಅಂತ ಯಾರಾದರೂ ಕೇಳಿದರೆ ನಾನು ಆ ಮಧ್ಯಾಹ್ನವನ್ನೇ ತೋರಿಸುತ್ತೇನೆ.

ಹೋದ ವಾರ ಎರಡು ಸೂಪರ್ ಸೀರೀಸ್‌ನ ಹುಡುಗಿಯ ಅಪ್ಪ ಮತ್ತೆ ಬಂದರು. ಇಷ್ಟೆಲ್ಲ ಹೇಳಿದೆ. ತಲೆದೂಗಿ ಕೇಳಿದರು. ಆಮೇಲೆ ಎಂದಿನಂತೆ, "ಐವತ್ತು ಹಾಕಿಬಿಡಿ" ಅಂದರು.

ಬಾಗಿಲ ಹತ್ತಿರದಿಂದ ಹುಡುಗಿ ಫೋನ್ ಜೇಬಿಗೆ ಹಾಕಿಕೊಂಡು, "ನಲವತ್ತೆಂಟು, ಅಂಕಲ್. ಐವತ್ತಕ್ಕೆ ಬಾಲ್ ಜೋರಾಗಿ ಹೋಗಲ್ಲ" ಅಂದಳು.

ಅಪ್ಪ ನನ್ನ ಮುಖ ನೋಡಿದರು. ನಾನು ಮಷೀನಿನ ಮುಳ್ಳು ನಲವತ್ತೆಂಟಕ್ಕೆ ತಿರುಗಿಸಿದೆ.