ದಿನಾಂಕ ತಪ್ಪದ ಚುನಾವಣೆ: ಮೇರಿಲ್ಯಾಂಡಿನ ಕೌಂಟಿಗಳು, ನಮ್ಮ ಪಾಲಿಕೆಗಳು

ಅಮೆರಿಕದ ಚುನಾವಣೆ ಎಂದರೆ ನಮ್ಮ ಪತ್ರಿಕೆಗಳಲ್ಲಿ ಅಧ್ಯಕ್ಷೀಯ ಚುನಾವಣೆಯದೇ ಸುದ್ದಿ. ಆದರೆ ಅಲ್ಲಿ ವಾಸಿಸುವವರ ಮಕ್ಕಳ ಶಾಲೆಗೆ ಎಷ್ಟು ಹಣ ಸಿಗಬೇಕು, ಆಸ್ತಿ ತೆರಿಗೆಯ ದರ ಎಷ್ಟಿರಬೇಕು, ಅಗ್ನಿಶಾಮಕ ಠಾಣೆ ಎಲ್ಲಿ ಬರಬೇಕು ಎಂಬುದನ್ನೆಲ್ಲ ತೀರ್ಮಾನಿಸುವ ಚುನಾವಣೆ ಬೇರೆಯೇ ಇದೆ. ನನ್ನ ತಂಗಿಯ ಮಗಳು ಮೇರಿಲ್ಯಾಂಡ್ ರಾಜ್ಯದ ಮಾಂಟ್ಗೊಮರಿ ಕೌಂಟಿಯಲ್ಲಿ ನೆಲೆಸಿದ್ದಾಳೆ. ಆಕೆ ಅಲ್ಲಿನ ಪೌರತ್ವ ಪಡೆದು ಮತದಾರಳಾದ ಮೇಲೆ ಫೋನಿನಲ್ಲಿ ಹೇಳುತ್ತಿದ್ದ ಸಂಗತಿಗಳಿಂದಾಗಿ ನಾನು ಈ ವಿಷಯವನ್ನು ಓದತೊಡಗಿದೆ. ಬೆಂಗಳೂರಿನಲ್ಲಿ ಕುಳಿತು ಇದನ್ನು ಓದುವಾಗ ನಮ್ಮ ಊರಿನ ಸ್ಥಿತಿ ಮತ್ತೆ ಮತ್ತೆ ಕಣ್ಣ ಮುಂದೆ ಬಂದು ಸಂಕಟವಾಗುತ್ತದೆ.

ಕೌಂಟಿಯನ್ನು ಸ್ಥೂಲವಾಗಿ ನಮ್ಮ ಜಿಲ್ಲೆ ಎಂದುಕೊಳ್ಳಬಹುದು. ಮೇರಿಲ್ಯಾಂಡಿನಲ್ಲಿ 23 ಕೌಂಟಿಗಳಿದ್ದು, ಯಾವ ಕೌಂಟಿಗೂ ಸೇರದ ಬಾಲ್ಟಿಮೋರ್ ನಗರ ಪ್ರತ್ಯೇಕವಾಗಿದೆ. ಒಂಬತ್ತು ಕೌಂಟಿಗಳಲ್ಲಿ ಜನರೇ ನೇರವಾಗಿ ಮತ ಹಾಕಿ ಕೌಂಟಿ ಎಕ್ಸಿಕ್ಯುಟಿವ್ ಎಂಬ ಆಡಳಿತ ಮುಖ್ಯಸ್ಥರನ್ನು ನಾಲ್ಕು ವರ್ಷಗಳಿಗೆ ಆರಿಸುತ್ತಾರೆ. ನಮ್ಮ ಜಿಲ್ಲಾಧಿಕಾರಿಯ ಕುರ್ಚಿಯಲ್ಲಿ, ಜಿಲ್ಲಾ ಉಸ್ತುವಾರಿ ಸಚಿವರ ರಾಜಕೀಯ ಬಲದೊಂದಿಗೆ, ಜನರಿಂದಲೇ ಆರಿಸಿ ಬಂದ ಒಬ್ಬರು ಕುಳಿತರೆ ಹೇಗಿರುತ್ತದೆಯೋ ಆ ಹುದ್ದೆ ಹೆಚ್ಚುಕಡಿಮೆ ಹಾಗೆ. ಅವರ ಎದುರಿಗೆ ಪ್ರತ್ಯೇಕವಾಗಿ ಚುನಾಯಿತವಾದ ಕೌಂಟಿ ಕೌನ್ಸಿಲ್ ಇರುತ್ತದೆ. ಮಾಂಟ್ಗೊಮರಿಯಲ್ಲಿ ಎಕ್ಸಿಕ್ಯುಟಿವ್ ಮಾರ್ಚ್ 15ರೊಳಗೆ ಬಜೆಟ್ ಮಂಡಿಸಬೇಕು, ಕೌನ್ಸಿಲ್ ಸಾರ್ವಜನಿಕರ ಅಹವಾಲು ಕೇಳಿ, ಬೇಕಾದಲ್ಲಿ ತಿದ್ದಿ, ಜೂನ್ 1ರೊಳಗೆ ಅಂಗೀಕರಿಸಬೇಕು, ಜುಲೈ 1ರಿಂದ ಹೊಸ ಆರ್ಥಿಕ ವರ್ಷ ಆರಂಭವಾಗುತ್ತದೆ. ಈ ದಿನಾಂಕಗಳು ಯಾರ ಮರ್ಜಿಗೂ ಬಿಟ್ಟವಲ್ಲ. ಕೌಂಟಿಯ ಸಂವಿಧಾನದಂತಿರುವ ಚಾರ್ಟರ್ ಎಂಬ ದಾಖಲೆಯಲ್ಲೇ ಅವನ್ನು ಬರೆದಿಡಲಾಗಿದೆ.

ಚಿಕ್ಕ ಚುನಾವಣೆಯಲ್ಲಿ ಒಂದು ಮತದ ತೂಕ ಎಷ್ಟೆಂಬುದನ್ನು ಈ ಕೌಂಟಿಗಳಷ್ಟು ಸ್ಪಷ್ಟವಾಗಿ ತೋರಿಸಿಕೊಟ್ಟ ಸ್ಥಳಗಳು ಹೆಚ್ಚಿರಲಾರವು. 2018ರ ಜೂನ್ ತಿಂಗಳಲ್ಲಿ ಮಾಂಟ್ಗೊಮರಿಯ ಎಕ್ಸಿಕ್ಯುಟಿವ್ ಹುದ್ದೆಗೆ ನಡೆದ ಡೆಮಾಕ್ರಟಿಕ್ ಪಕ್ಷದ ಪ್ರಾಥಮಿಕ ಚುನಾವಣೆಯಲ್ಲಿ, ಅಂದರೆ ಪಕ್ಷದ ಅಭ್ಯರ್ಥಿ ಯಾರೆಂಬುದನ್ನು ಮತದಾರರೇ ತೀರ್ಮಾನಿಸುವ ಮೊದಲ ಸುತ್ತಿನಲ್ಲಿ, ಹಿಂದೆ ಶಾಲಾ ಶಿಕ್ಷಕರಾಗಿದ್ದ ಮಾರ್ಕ್ ಎಲ್ರಿಚ್ ಎಂಬ ಕೌನ್ಸಿಲ್ ಸದಸ್ಯರು ಡೇವಿಡ್ ಬ್ಲೇರ್ ಎಂಬ ಉದ್ಯಮಿಯ ವಿರುದ್ಧ 77 ಮತಗಳಿಂದ ಗೆದ್ದರು. ಅದೇ ದಿನ ಅದೇ ರಾಜ್ಯದ ಬಾಲ್ಟಿಮೋರ್ ಕೌಂಟಿಯಲ್ಲಿ ಜಾನಿ ಓಲ್ಷೆವ್ಸ್ಕಿ ಅವರು ಮರುಎಣಿಕೆಯ ಬಳಿಕ 17 ಮತಗಳ ಅಂತರದಿಂದ ಅಭ್ಯರ್ಥಿಯಾದರು. ನಾಲ್ಕು ವರ್ಷಗಳ ನಂತರ ಎಲ್ರಿಚ್ ಮತ್ತು ಬ್ಲೇರ್ ಮತ್ತೆ ಎದುರುಬದುರಾದಾಗ ಅಂತರ ಇನ್ನೂ ಕಡಿಮೆಯಾಗಿ, ಮರುಎಣಿಕೆಯ ನಂತರ 32ಕ್ಕೆ ಬಂದು ನಿಂತಿತು. ಹತ್ತು ಲಕ್ಷಕ್ಕೂ ಹೆಚ್ಚು ಜನರಿರುವ ಕೌಂಟಿ ಅದು. ಒಂದು ಅಪಾರ್ಟ್‌ಮೆಂಟ್ ಸಮುಚ್ಚಯದ ಒಂದೇ ಬ್ಲಾಕಿನವರು ಆ ದಿನ ಮನೆಯಲ್ಲೇ ಉಳಿದಿದ್ದರೆ ಫಲಿತಾಂಶ ಬೇರೆಯಾಗುತ್ತಿತ್ತು. ಮತದಾನದ ದಿನದ ರಜೆಗೆ ಊರು ಬಿಡುವ ನಮ್ಮ ಅನೇಕ ಬಡಾವಣೆಗಳ ವಿದ್ಯಾವಂತರು ಈ ಅಂಕಿಗಳನ್ನು ಓದಬೇಕೆಂದು ನಾನು ನಿಜವಾಗಿ ಬಯಸುತ್ತೇನೆ.

ಎಲ್ರಿಚ್ ಅವರ ಗೆಲುವಿನ ಹಿಂದೆ ಹಣಕ್ಕೆ ಸಂಬಂಧಿಸಿದ ಒಂದು ವ್ಯವಸ್ಥೆಯೂ ಇದೆ. ಮಾಂಟ್ಗೊಮರಿ ಕೌನ್ಸಿಲ್ 2014ರಲ್ಲಿ ಮಾಡಿದ ಕಾನೂನಿನ ಪ್ರಕಾರ, ದೊಡ್ಡ ದೇಣಿಗೆಗಳನ್ನು ಬಿಟ್ಟುಕೊಡಲು ಒಪ್ಪುವ ಅಭ್ಯರ್ಥಿಗೆ ಸ್ಥಳೀಯ ನಿವಾಸಿಗಳು ಕೊಡುವ ಸಣ್ಣ ದೇಣಿಗೆಗಳ ಮೇಲೆ ಕೌಂಟಿಯೇ ಹಣ ಕೂಡಿಸಿ ಕೊಡುತ್ತದೆ. ಇದು ಮೊದಲ ಸಲ ಬಳಕೆಗೆ ಬಂದ 2018ರಲ್ಲಿ ಒಬ್ಬರಿಂದ ಗರಿಷ್ಠ 150 ಡಾಲರ್ ಪಡೆಯಬಹುದಿತ್ತು. ಎಕ್ಸಿಕ್ಯುಟಿವ್ ಹುದ್ದೆಯ ಅಭ್ಯರ್ಥಿಗೆ ಮೊದಲ 50 ಡಾಲರಿನ ಪ್ರತಿ ಡಾಲರಿಗೆ ಆರು, ಮುಂದಿನ 50ಕ್ಕೆ ನಾಲ್ಕು, ಕೊನೆಯ 50ಕ್ಕೆ ಎರಡು ಡಾಲರ್ ಸೇರುತ್ತಿತ್ತು. ಎದುರಾಳಿ ಸ್ವಂತ ಸಂಪತ್ತಿನಿಂದ ಲಕ್ಷಾಂತರ ಡಾಲರ್ ಖರ್ಚು ಮಾಡಿದರೂ ಎಲ್ರಿಚ್ ನಿಲ್ಲಲು ಸಾಧ್ಯವಾದದ್ದಕ್ಕೆ ಇದೂ ಒಂದು ಕಾರಣ. ಕಾರ್ಪೊರೇಟರ್ ಚುನಾವಣೆಗೆ ನಿಲ್ಲಬೇಕೆಂದರೆ ಮೊದಲು ಸೈಟು ಮಾರಬೇಕು ಎಂಬ ಮಾತು ಕೇಳಿಬರುವ ನಮ್ಮ ನಗರದಲ್ಲಿ ಇಂಥದ್ದನ್ನು ಚರ್ಚೆಗಾದರೂ ಎತ್ತಿಕೊಳ್ಳಬೇಕಲ್ಲವೇ?

ಹಾಗೆಂದು ನೇರ ಚುನಾವಣೆಯೊಂದೇ ಪ್ರಾಮಾಣಿಕತೆಯನ್ನು ತಂದುಕೊಡುತ್ತದೆ ಎಂದು ನಾನು ಹೇಳಲಾರೆ. ಅದಕ್ಕೆ ವಿರುದ್ಧವಾದ ಸಾಕ್ಷ್ಯವೂ ಮೇರಿಲ್ಯಾಂಡಿನಲ್ಲೇ ಇದೆ. ರಿಚರ್ಡ್ ನಿಕ್ಸನ್ ಅವರ ಕಾಲದಲ್ಲಿ ಉಪಾಧ್ಯಕ್ಷರಾಗಿದ್ದ ಸ್ಪಿರೊ ಆಗ್ನ್ಯೂ ತಮ್ಮ ರಾಜಕೀಯದ ಮೊದಲ ದೊಡ್ಡ ಹುದ್ದೆಯನ್ನು ಪಡೆದದ್ದು 1962ರಲ್ಲಿ, ಬಾಲ್ಟಿಮೋರ್ ಕೌಂಟಿಯ ಎಕ್ಸಿಕ್ಯುಟಿವ್ ಆಗಿ. ಅಲ್ಲಿಂದ ನಾಲ್ಕು ವರ್ಷದಲ್ಲಿ ಗವರ್ನರ್ ಹುದ್ದೆಗೆ ಗೆದ್ದು, ಆಮೇಲೆ ಉಪಾಧ್ಯಕ್ಷರಾದರು. 1973ರಲ್ಲಿ ಅದೇ ಕೌಂಟಿಯಲ್ಲಿ ಅವರ ನಂತರ ಎಕ್ಸಿಕ್ಯುಟಿವ್ ಆಗಿದ್ದ ಡೇಲ್ ಆಂಡರ್ಸನ್ ಅವರ ಆಡಳಿತದ ಬಗ್ಗೆ ನಡೆಯುತ್ತಿದ್ದ ತನಿಖೆ, ಗುತ್ತಿಗೆದಾರರು ಮತ್ತು ಎಂಜಿನಿಯರುಗಳು ಕೊಡುತ್ತಿದ್ದ ಲಂಚದ ಜಾಡು ಹಿಡಿದು ಉಪಾಧ್ಯಕ್ಷರವರೆಗೆ ಹೋಯಿತು. ಆಗ್ನ್ಯೂ ಆ ವರ್ಷದ ಅಕ್ಟೋಬರ್ 10ರಂದು ರಾಜೀನಾಮೆ ಕೊಟ್ಟರು. ಆಂಡರ್ಸನ್ ಮರುವರ್ಷ ಅಪರಾಧಿ ಎಂದು ತೀರ್ಮಾನವಾಯಿತು. ತನಿಖೆ ನಡೆಸಿದ ಫೆಡರಲ್ ಅಟಾರ್ನಿ, ಅಂದರೆ ಕೇಂದ್ರ ಸರ್ಕಾರದ ವಕೀಲ, ಜಾರ್ಜ್ ಬೀಲ್ ಅವರು ಆಗ್ನ್ಯೂ ಅವರ ರಿಪಬ್ಲಿಕನ್ ಪಕ್ಷದವರೇ, ಬೀಲ್ ಅವರ ಅಣ್ಣ ಅದೇ ಪಕ್ಷದ ಸೆನೆಟರ್ ಎಂಬುದು ಈ ಪ್ರಕರಣದಲ್ಲಿ ನನಗೆ ಅತ್ಯಂತ ಗೌರವ ಹುಟ್ಟಿಸಿದ ಅಂಶ. ಕಟ್ಟಡ, ರಸ್ತೆ, ಒಳಚರಂಡಿಗಳ ಗುತ್ತಿಗೆ ಇರುವಲ್ಲೆಲ್ಲ ಕಮಿಷನ್ನಿನ ಆಸೆಯೂ ಇರುತ್ತದೆ. ಅದನ್ನು ತಡೆಯಲು ಮತಪೆಟ್ಟಿಗೆಯ ಜೊತೆಗೆ ಹೆದರದ ಅಧಿಕಾರಿಗಳೂ ಬೇಕು.

ಹಾಗಾದರೆ ನಾವು ಅವರಿಂದ ಕಲಿಯಬೇಕಾದದ್ದು ಯಾವುದು? ಬೆಂಗಳೂರಿಗೆ ಜನರೇ ನೇರವಾಗಿ ಆರಿಸುವ ಮೇಯರ್ ಬೇಕು ಎಂದು ಬಹಳ ಮಂದಿ ವಾದಿಸುತ್ತಾರೆ, ಆ ವಾದದಲ್ಲಿ ಹುರುಳಿದೆ. 2015ರ ಆಗಸ್ಟ್‌ನಲ್ಲಿ 198 ವಾರ್ಡುಗಳಿಗೆ ಚುನಾವಣೆ ನಡೆದಾಗ ಒಂದು ಪಕ್ಷಕ್ಕೆ 100 ಸ್ಥಾನಗಳು ಬಂದರೂ, ಮೇಯರ್ ಆಯ್ಕೆಯಲ್ಲಿ ಶಾಸಕರು, ಸಂಸದರು, ವಿಧಾನ ಪರಿಷತ್ ಸದಸ್ಯರು ಕೂಡ ಮತ ಹಾಕಿದ್ದರಿಂದ ಬೇರೆ ಮೈತ್ರಿಕೂಟದವರು ಮೇಯರ್ ಆದರು. ನಿಯಮದ ಪ್ರಕಾರ ಅದು ಸರಿಯೇ. ಆದರೆ ಮೇಯರ್ ಯಾರೆಂಬುದನ್ನು ಆರಿಸಿದವರು ತಾವೇ ಎಂದು ಹೇಳಿಕೊಳ್ಳುವ ಅವಕಾಶ ಮತದಾರನಿಗೆ ಇರಲಿಲ್ಲ. ಜೊತೆಗೆ ವರ್ಷಕ್ಕೊಬ್ಬ ಮೇಯರ್. ಕಡತಗಳನ್ನು ಅರ್ಥ ಮಾಡಿಕೊಳ್ಳುವಷ್ಟರಲ್ಲಿ ಅವರ ಅವಧಿ ಮುಗಿಯುತ್ತಿತ್ತು. ಆದರೂ ನನ್ನ ಅಭಿಪ್ರಾಯದಲ್ಲಿ ನೇರ ಆಯ್ಕೆಗಿಂತ ಮೊದಲು ಬೇಕಾದದ್ದು, ಯಾರಿಂದಲೂ ಮುಂದೂಡಲಾಗದ ಚುನಾವಣಾ ದಿನಾಂಕ.

ಮೇರಿಲ್ಯಾಂಡಿನ ಕೌಂಟಿ ಚುನಾವಣೆಗಳು 2018ರಲ್ಲಿ ನಡೆದವು, 2022ರಲ್ಲಿ ನಡೆದವು, ಮುಂದಿನದು 2026ರ ನವೆಂಬರ್ 3ಕ್ಕೆ ನಿಗದಿಯಾಗಿದೆ. ಕ್ಷೇತ್ರ ಪುನರ್ವಿಂಗಡಣೆಯ ಜಗಳ ಅಲ್ಲಿಯೂ ಇಲ್ಲದಿಲ್ಲ. 2020ರ ಜನಗಣತಿಯ ನಂತರ ಮಾಂಟ್ಗೊಮರಿಯಲ್ಲಿ ಕೌನ್ಸಿಲ್ ಸದಸ್ಯರ ಸಂಖ್ಯೆ 9ರಿಂದ 11ಕ್ಕೆ ಏರಿ, ಎಲ್ಲ ಕ್ಷೇತ್ರಗಳ ಗಡಿಯನ್ನೂ ಹೊಸದಾಗಿ ಬರೆಯಬೇಕಾಯಿತು. ಬಾಲ್ಟಿಮೋರ್ ಕೌಂಟಿಯ ಹೊಸ ನಕ್ಷೆಯನ್ನು 2022ರ ಫೆಬ್ರುವರಿಯಲ್ಲಿ ಫೆಡರಲ್ ನ್ಯಾಯಾಲಯ ತಿರಸ್ಕರಿಸಿ ಬೇರೆ ನಕ್ಷೆ ಬರೆಸಿತು. ರಾಜ್ಯ ಶಾಸನಸಭೆಯ ನಕ್ಷೆಯ ಮೇಲೂ ದಾವೆಗಳಿದ್ದವು. ಇಷ್ಟೆಲ್ಲ ಆದ ಮೇಲೆ ರಾಜ್ಯದ ಅತ್ಯುನ್ನತ ನ್ಯಾಯಾಲಯ ಪ್ರಾಥಮಿಕ ಚುನಾವಣೆಯನ್ನು ಜೂನ್ 28ರಿಂದ ಜುಲೈ 19ಕ್ಕೆ ಮುಂದೂಡಿತು. ಮೂರು ವಾರ ತಡವಾಯಿತು, ಅಷ್ಟೆ. ನವೆಂಬರಿನ ಚುನಾವಣೆ ತನ್ನ ದಿನಕ್ಕೇ ನಡೆಯಿತು.

ಕುರ್ಚಿ ನಡುವೆ ತೆರವಾದರೆ ಏನು ಮಾಡಬೇಕೆಂಬುದೂ ಮೊದಲೇ ಬರೆದಿಟ್ಟ ಸಂಗತಿ. ಪ್ರಿನ್ಸ್ ಜಾರ್ಜಸ್ ಕೌಂಟಿಯ ಎಕ್ಸಿಕ್ಯುಟಿವ್ ಆಗಿದ್ದ ಏಂಜಲಾ ಆಲ್ಸೊಬ್ರೂಕ್ಸ್ ಅಮೆರಿಕದ ಸೆನೆಟ್‌ಗೆ ಆಯ್ಕೆಯಾಗಿ 2024ರ ಡಿಸೆಂಬರಿನಲ್ಲಿ ಹುದ್ದೆ ಬಿಟ್ಟರು. 2025ರ ಮಾರ್ಚ್‌ನಲ್ಲಿ ವಿಶೇಷ ಪ್ರಾಥಮಿಕ ಚುನಾವಣೆ, ಜೂನ್ 3ರಂದು ವಿಶೇಷ ಚುನಾವಣೆ ನಡೆದು ಆಯಿಷಾ ಬ್ರೇವ್‌ಬಾಯ್ ಆರಿಸಿ ಬಂದರು. ಹಂಗಾಮಿ ಅಧಿಕಾರಿಯ ಆಳ್ವಿಕೆ ಏಳು ತಿಂಗಳನ್ನೂ ಮುಟ್ಟಲಿಲ್ಲ.

ಈಗ ನಮ್ಮ ಲೆಕ್ಕ ನೋಡೋಣ. ಬೆಂಗಳೂರಿನ ಪಾಲಿಕೆಯಾಗಿದ್ದ ಬಿಬಿಎಂಪಿಯ ಕೊನೆಯ ಚುನಾಯಿತ ಕೌನ್ಸಿಲ್ ಅವಧಿ 2020ರ ಸೆಪ್ಟೆಂಬರ್ 10ರಂದು ಮುಗಿಯಿತು. ಚುನಾವಣೆ ನಡೆಸಲು ಹೈಕೋರ್ಟ್ ಆ ಡಿಸೆಂಬರಿನಲ್ಲಿ ಆದೇಶಿಸಿತು, ಸುಪ್ರೀಂ ಕೋರ್ಟ್ ಅದಕ್ಕೆ ತಡೆ ನೀಡಿತು. ಅಲ್ಲಿಂದೀಚೆಗೆ 198 ವಾರ್ಡುಗಳು 243 ಆದವು, ಬಳಿಕ 225 ಎಂದಾಯಿತು, ಗ್ರೇಟರ್ ಬೆಂಗಳೂರು ಆಡಳಿತ ಕಾಯ್ದೆ ಬಂದು 2025ರ ಸೆಪ್ಟೆಂಬರಿನಲ್ಲಿ ಐದು ಪಾಲಿಕೆಗಳಾದ ಮೇಲೆ 369 ಆದವು. ಸರ್ಕಾರಗಳು ಬದಲಾದವು, ಪಕ್ಷಗಳು ಬದಲಾದವು, ಆಡಳಿತಾಧಿಕಾರಿಗಳ ಆಳ್ವಿಕೆ ಮಾತ್ರ ಐದು ವರ್ಷವನ್ನೂ ದಾಟಿತು. ಇದಕ್ಕಿಂತ ಮೊದಲು ಕೂಡ 2006ರ ಕೊನೆಯಿಂದ 2010ರ ಮಾರ್ಚ್‌ವರೆಗೆ ನಗರಕ್ಕೆ ಚುನಾಯಿತ ಕೌನ್ಸಿಲ್ ಇರಲಿಲ್ಲ. ಈ ವರ್ಷಗಳಲ್ಲಿ ಸಾವಿರಾರು ಕೋಟಿ ರೂಪಾಯಿಗಳ ಬಜೆಟ್ಟುಗಳು ಕೌನ್ಸಿಲ್ಲಿನ ಒಂದು ಗಂಟೆಯ ಚರ್ಚೆಯೂ ಇಲ್ಲದೆ ಅಧಿಕಾರಿಗಳ ಮಟ್ಟದಲ್ಲೇ ಅಂಗೀಕಾರಗೊಂಡವು. ಮನೆ ಮುಂದೆ ಚರಂಡಿ ಉಕ್ಕಿದರೆ ವಾರ್ಡ್ ಎಂಜಿನಿಯರನ್ನು ಹುಡುಕುವುದು, ಅವರು ಸಿಗದಿದ್ದರೆ ಶಾಸಕರ ಕಚೇರಿಯ ಮುಂದೆ ನಿಲ್ಲುವುದು, ಇಷ್ಟೇ ದಾರಿ ಉಳಿಯಿತು. ವಿಧಾನಸೌಧದಲ್ಲಿ ಶಾಸನ ಮಾಡಬೇಕಾದವರು ಬೀದಿದೀಪದ ದೂರು ಕೇಳುತ್ತಾ ಕೂರಬೇಕಾದದ್ದು ಅವರಿಗೂ ನ್ಯಾಯವಲ್ಲ.

ಹಳ್ಳಿಗಳ ಕಡೆಗೂ ಇದೇ ಕಥೆ. 1987ರಲ್ಲಿ ಅಬ್ದುಲ್ ನಜೀರ್ ಸಾಬ್ ಅವರ ಶ್ರಮದಿಂದ ಕರ್ನಾಟಕದಲ್ಲಿ ಜಿಲ್ಲಾ ಪರಿಷತ್ತುಗಳು ಆರಿಸಿ ಬಂದಾಗ ಅವುಗಳ ಅಧ್ಯಕ್ಷರಿಗೆ ರಾಜ್ಯ ಸಚಿವರ ದರ್ಜೆ ಇತ್ತು. ಜನರಿಗೆ ಉತ್ತರ ಹೇಳುವ ಜಿಲ್ಲಾ ಸರ್ಕಾರ ಎಂಬುದು ನಮ್ಮ ನೆಲದಲ್ಲೇ ಮೊಳೆತಿದ್ದ ಆಲೋಚನೆ, ಅಮೆರಿಕದಿಂದ ತರಬೇಕಾದದ್ದಲ್ಲ. ಆದರೆ ಆ ಪರಿಷತ್ತುಗಳ ಅವಧಿ ಮುಗಿದಾಗಲೂ ಸಕಾಲಕ್ಕೆ ಚುನಾವಣೆ ಆಗಲಿಲ್ಲ. 2016ರಲ್ಲಿ ಆಯ್ಕೆಯಾದ ಜಿಲ್ಲಾ ಮತ್ತು ತಾಲ್ಲೂಕು ಪಂಚಾಯಿತಿಗಳ ಅವಧಿ 2021ರಲ್ಲಿ ಮುಗಿದ ಮೇಲೂ ವರ್ಷಗಟ್ಟಲೆ ಆಡಳಿತಾಧಿಕಾರಿಗಳೇ ನಡೆಸಿದರು.

ನಮ್ಮಲ್ಲಿ ಕಾನೂನು ಇಲ್ಲವೆಂದಲ್ಲ. 1993ರ ಜೂನ್ 1ರಿಂದ ಜಾರಿಯಲ್ಲಿರುವ ಸಂವಿಧಾನದ 74ನೇ ತಿದ್ದುಪಡಿಯ ಪ್ರಕಾರ, ಪಾಲಿಕೆಯ ಅವಧಿ ಮುಗಿಯುವ ಮೊದಲೇ ಚುನಾವಣೆ ಪೂರ್ಣಗೊಂಡಿರಬೇಕು. ಅಹಮದಾಬಾದ್ ಪಾಲಿಕೆಗೆ ಸಂಬಂಧಿಸಿದ ಪ್ರಕರಣದಲ್ಲಿ 2006ರಲ್ಲಿ ಸುಪ್ರೀಂ ಕೋರ್ಟ್ ಇದನ್ನೇ ಎತ್ತಿ ಹಿಡಿದಿದೆ. ಇಷ್ಟಾದರೂ ಚುನಾವಣೆ ತಪ್ಪಲು ಕಾರಣ, ವಾರ್ಡ್ ಪುನರ್ವಿಂಗಡಣೆ ಮತ್ತು ಮೀಸಲಾತಿ ಪಟ್ಟಿ ಎರಡೂ ರಾಜ್ಯ ಸರ್ಕಾರದ ಕೈಯಲ್ಲಿರುವುದು, ಅವು ಸಿದ್ಧವಾಗದೆ ರಾಜ್ಯ ಚುನಾವಣಾ ಆಯೋಗಕ್ಕೆ ಅಧಿಸೂಚನೆ ಹೊರಡಿಸಲು ಆಗದಿರುವುದು. ಪಟ್ಟಿ ತಡವಾದಷ್ಟೂ ಅಧಿಕಾರ ರಾಜ್ಯ ಸರ್ಕಾರದ ಬಳಿಯೇ ಉಳಿಯುತ್ತದೆ.

ಆದ್ದರಿಂದ ನಮ್ಮ ನಿವಾಸಿಗಳ ಸಂಘದ ಮುಂದಿನ ಸಭೆಯಲ್ಲಿ ನಾನು ಮಂಡಿಸಲಿರುವ ಬೇಡಿಕೆ ಎರಡು ವಾಕ್ಯಗಳದ್ದು. ಪಾಲಿಕೆಯ ಅವಧಿ ಮುಗಿಯುವುದಕ್ಕೆ ಆರು ತಿಂಗಳ ಮೊದಲು ಹೊಸ ವಾರ್ಡ್ ನಕ್ಷೆ ಮತ್ತು ಮೀಸಲಾತಿ ಪಟ್ಟಿ ಅಂತಿಮವಾಗದಿದ್ದರೆ ಹಳೆಯ ವಾರ್ಡುಗಳಲ್ಲೇ, ಹಿಂದಿನ ಮೀಸಲಾತಿಯ ಆವರ್ತನೆಯನ್ನು ಆಯೋಗವೇ ಮುಂದುವರಿಸಿ ಚುನಾವಣೆ ನಡೆಸತಕ್ಕದ್ದು ಎಂದು ಕಾಯ್ದೆಯಲ್ಲಿ ಸೇರಬೇಕು. ಚುನಾಯಿತ ಕೌನ್ಸಿಲ್ ಇಲ್ಲದ ಅವಧಿಯಲ್ಲಿ ಆಡಳಿತಾಧಿಕಾರಿ ಹೊಸ ದೊಡ್ಡ ಗುತ್ತಿಗೆಗಳಿಗೆ ಮಂಜೂರಾತಿ ಕೊಡುವಂತಿಲ್ಲ ಎಂಬ ನಿರ್ಬಂಧವೂ ಅದರ ಜೊತೆಗೆ ಬರಬೇಕು. ಮನವಿಯ ಕರಡನ್ನು ಬರೆದಿದ್ದೇನೆ; ಕಾನೂನು ಬಲ್ಲ ಓದುಗರು ಯಾರಾದರೂ ಅದನ್ನು ತಿದ್ದಿಕೊಡುವುದಾದರೆ, ನಮ್ಮ ಕ್ಷೇತ್ರದ ಶಾಸಕರಿಗೆ ಕೊಡುವ ಮೊದಲು ಅವರ ಸಲಹೆಗಳನ್ನು ಸೇರಿಸಿಕೊಳ್ಳುತ್ತೇನೆ.