ಹಿಂದಿ ತರಗತಿಯಲ್ಲಿ ಕೇಳಿದ ಸುರೈಯಾ

ನಮ್ಮ ಕಾಲದಲ್ಲಿ ಕಾಲೇಜಿನ ಹಿಂದಿ ಅಂದರೆ ಪಾಸಾಗಲು ಓದುವ ವಿಷಯ, ಅಷ್ಟೇ. ಉರ್ದು ಕವಿ ಗಾಲಿಬ್ ನಮ್ಮ ಪಠ್ಯದಲ್ಲಿ ಇರಲಿಲ್ಲ. ಆದರೂ ಪಾಠ ಬೇಗ ಮುಗಿದ ದಿನ ಹಿಂದಿ ಮೇಷ್ಟ್ರು ಟೇಪ್ ರೆಕಾರ್ಡರ್ ತಂದು ಮೇಜಿನ ಮೇಲೆ ಇಡುತ್ತಿದ್ದರು. ಕ್ಯಾಸೆಟ್ ಯಾವಾಗಲೂ ಒಂದೇ, ‘ಮಿರ್ಜಾ ಗಾಲಿಬ್’ ಸಿನಿಮಾದ ಹಾಡುಗಳು. “ಅರ್ಥ ಆಮೇಲೆ ಹೇಳ್ತೀನಿ, ಮೊದಲು ದನಿ ಕೇಳಿ” ಅನ್ನುತ್ತಿದ್ದರು. ಆ ಹಾಡುಗಳ ಗಾಯಕಿ, ನಟಿ ಸುರೈಯಾ ನನಗೆ ಪರಿಚಯವಾದದ್ದು ಹಾಗೆ.

ನಮಗೆ ಉರ್ದು ಬರುತ್ತಿರಲಿಲ್ಲ. ಆದರೂ ಅವರು ಹಾಡಿದರೆ ಒಂದೊಂದು ಪದವೂ ಬಿಡಿಬಿಡಿಯಾಗಿ ಕೇಳುತ್ತಿತ್ತು. ಕಸರತ್ತು ಇಲ್ಲ, ಆಡಂಬರ ಇಲ್ಲ. ಎದುರಿಗೆ ಕೂತು ಮಾತಾಡಿದ ಹಾಗೆ ಹಾಡುತ್ತಾರೆ. ನೋವಿನ ಸಾಲಿನಲ್ಲೂ ದನಿ ಅಳುವುದಿಲ್ಲ. ಅವರು ಸಂಗೀತವನ್ನು ಕ್ರಮವಾಗಿ ಕಲಿತವರಲ್ಲ ಎಂದು ಮೇಷ್ಟ್ರು ಹೇಳಿದಾಗ ನಾವು ಯಾರೂ ನಂಬಲಿಲ್ಲ.

ಮೇಷ್ಟ್ರ ಬಾಯಲ್ಲಿ ಅವರ ಕತೆ ಸ್ವಲ್ಪ ಸ್ವಲ್ಪವಾಗಿ ಬಂತು. 1929ರಲ್ಲಿ ಹುಟ್ಟಿದ ಹುಡುಗಿ. ಬಾಲನಟಿಯಾಗಿ ಮುಖ ತೋರಿಸಿದ್ದರೂ ಗಮನ ಸೆಳೆದದ್ದು ದನಿಯಿಂದ. ಮುಂಬೈ ರೇಡಿಯೋದ ಮಕ್ಕಳ ಕಾರ್ಯಕ್ರಮದಲ್ಲಿ ಹಾಡುತ್ತಿದ್ದಳು. ಸಂಗೀತ ನಿರ್ದೇಶಕ ನೌಷಾದ್ ಅವಳನ್ನು ಕರೆಸಿ 1942ರ ‘ಶಾರದಾ’ ಚಿತ್ರದಲ್ಲಿ ನಾಯಕಿ ಮೆಹತಾಬ್‌ಗೆ ಹಾಡಿಸಿದರು. ಮೈಕ್ ಎಟುಕದೆ ಸ್ಟೂಲ್ ಮೇಲೆ ನಿಂತು ಹಾಡಿದಳಂತೆ! ಕೆಲವೇ ವರ್ಷದಲ್ಲಿ ಅವಳೇ ನಾಯಕಿ. ಆ ದಶಕ ಮುಗಿಯುವ ಹೊತ್ತಿಗೆ ಮರೀನ್ ಡ್ರೈವ್‌ನ ಮನೆ ಮುಂದೆ ಜನ ಗುಂಪುಗೂಡುತ್ತಿದ್ದರು.

ಇಷ್ಟು ಕೇಳಿದ ಮೇಲೆ ಹುಡುಗರು ಕೇಳುವ ಪ್ರಶ್ನೆ ಒಂದೇ ಅಲ್ವಾ? ನಟ ದೇವ್ ಆನಂದ್ ವಿಷಯ ನಿಜವೇ ಅಂತ. ನಿಜ, ಪ್ರೀತಿಸಿದ್ದರು, ಮನೆಯಲ್ಲಿ ಅಜ್ಜಿ ಒಪ್ಪಲಿಲ್ಲ, ಸುರೈಯಾ ಮದುವೆಯಾಗಲೇ ಇಲ್ಲ ಎಂದು ಮೇಷ್ಟ್ರು ಒಂದೇ ಉಸಿರಿನಲ್ಲಿ ಮುಗಿಸಿದರು. ಆಮೇಲೆ ಕಾಲವೇ ಬದಲಾದದ್ದನ್ನು ನಿಧಾನವಾಗಿ ವಿವರಿಸಿದರು. ಮೊದಲು ತೆರೆಯ ಮೇಲೆ ಹಾಡುವವರಿಗೆ ಸ್ವಂತ ದನಿಯೂ ಇದ್ದರೆ ಅದು ದೊಡ್ಡ ಬಲ. ಸೈಗಲ್, ನೂರ್‌ಜಹಾನ್ ಎಲ್ಲ ಹಾಗೇ ಬಂದವರು. 1949ರ ನಂತರ ಲತಾ ಮಂಗೇಶ್ಕರ್ ದನಿ ಎಲ್ಲೆಡೆ ಹರಡಿತು. ನಾಯಕಿಗೆ ಹಾಡಲು ಬರಬೇಕೆಂಬ ಅಗತ್ಯವೇ ಉಳಿಯಲಿಲ್ಲ. ಅಂಥ ಹೊತ್ತಿನಲ್ಲಿ, 1954ರಲ್ಲಿ, ‘ಮಿರ್ಜಾ ಗಾಲಿಬ್’ ಬಂತು. ಗಾಲಿಬ್‌ನನ್ನು ಪ್ರೀತಿಸುವ ಹೆಣ್ಣಿನ ಪಾತ್ರ ಮಾಡಿ, ಅವನ ಗಜಲ್‌ಗಳನ್ನೂ ಸುರೈಯಾ ತಾವೇ ಹಾಡಿದರು. ಚಿತ್ರಕ್ಕೆ ರಾಷ್ಟ್ರಪತಿಗಳ ಚಿನ್ನದ ಪದಕ ಸಿಕ್ಕಿತು. ನೆಹರು ಕೂಡ ಮೆಚ್ಚಿಕೊಂಡರು.

1963ರ ‘ರುಸ್ತುಂ ಸೊಹ್ರಾಬ್’ ಅವರ ಕೊನೆಯ ಚಿತ್ರ. ಆಗ ವಯಸ್ಸು 34ರ ಆಸುಪಾಸು. ಅಲ್ಲಿಂದಾಚೆ ನಟಿಸಲಿಲ್ಲ, ಸಿನಿಮಾಕ್ಕೆ ಹಾಡಲೂ ಇಲ್ಲ. 2004ರ ಜನವರಿಯಲ್ಲಿ ತೀರಿಕೊಂಡಾಗ ನಾನು ಓದಿದ ಬರಹಗಳಲ್ಲೆಲ್ಲ ಮುರಿದ ಪ್ರೀತಿಯ ಕತೆಯೇ ಜಾಸ್ತಿ ಇತ್ತು. ನನಗೆ ಬೇಜಾರಾಯಿತು. ಸೊಹ್ರಾಬ್ ಮೋದಿಯವರ ಚಿತ್ರದಲ್ಲಿ, ಗುಲಾಮ್ ಮೊಹಮ್ಮದ್ ಅವರ ರಾಗಗಳಲ್ಲಿ ಗಾಲಿಬ್‌ನನ್ನು ಅಷ್ಟು ಸರಳವಾಗಿ ಜನರ ಕಿವಿಗೆ ಮುಟ್ಟಿಸಿದವರ ಬಗ್ಗೆ ಬರೆಯಲು ಬೇರೆ ಏನೂ ಇರಲಿಲ್ಲವೇ? ಕೊನೆಯ 40 ವರ್ಷ ಸಿನಿಮಾದಿಂದ ದೂರ ಇದ್ದರು ಎಂದರೆ ಸೋತರು ಅಂತ ಯಾಕೆ ಓದಬೇಕು? ತನ್ನ ಹಾಡಿಗೆ ತಾನೇ ಮುಖ ಕೊಡುತ್ತಿದ್ದವರು, ಅದಕ್ಕೆ ಜಾಗ ಇಲ್ಲದಾಗ ಹೊರಟರು. ನಾನು ಹಾಗೇ ಓದುತ್ತೇನೆ.

ಈಗ ಕಾಲೇಜಿನಲ್ಲಿರುವ ನಿಮಗೆ ಈ ಹಾಡುಗಳೆಲ್ಲ ಮೊಬೈಲಿನಲ್ಲೇ ಸಿಗುತ್ತವೆ. ಮೊದಲು ‘ಮಿರ್ಜಾ ಗಾಲಿಬ್’ ಕೇಳಿ. ತಲತ್ ಮಹಮೂದ್ ಜೊತೆಗಿನ ಯುಗಳಗೀತೆಯನ್ನು ಬಿಡಬೇಡಿ. ಆಮೇಲೆ 1946ರ ‘ಅನ್‌ಮೋಲ್ ಘಡಿ’ಗೆ ಹೋಗಿ. ಅದರಲ್ಲಿ ನೂರ್‌ಜಹಾನ್ ಕೂಡ ಹಾಡಿದ್ದಾರೆ, ಇಬ್ಬರ ದನಿಯನ್ನೂ ಒಂದೇ ಚಿತ್ರದಲ್ಲಿ ಕೇಳಬಹುದು. ಅರ್ಥ ತಿಳಿಯದಿದ್ದರೆ ನಿಮ್ಮ ಹಿಂದಿ ಮೇಷ್ಟ್ರನ್ನು ಕೇಳಿ.